ಬಿಸಿ ತಾಗದ ಕೈ

ನಮ್ಮ ಅಕ್ಕನ ಬಗ್ಗೆ ಬರೆಯುತ್ತೇನೆ ಎಂದಾಗ ಮನೆಯವರೆಲ್ಲ ನಕ್ಕರು. "ಅವಳ ಬಗ್ಗೆ ಬರೆಯಾಕೆ ಏನೈತೆ? ಮುದ್ದೆ ಕಟ್ಟಿದ್ಲು, ಎಲ್ಲರಿಗೂ ಇಕ್ಕಿದ್ಲು, ಅಷ್ಟೇಯ" ಎಂದರು ನಮ್ಮ ಯಜಮಾನರು. ಅಷ್ಟನ್ನೇ ಬರೆಯುತ್ತೇನೆ. ಓದುವವರು ಓದಲಿ, ಬಿಡುವವರು ಬಿಡಲಿ.

ಅಕ್ಕ ಎಂದರೆ ಒಡಹುಟ್ಟಿದವಳಲ್ಲ, ವಾರಗಿತ್ತಿ. ನನ್ನ ಗಂಡನ ಅಣ್ಣ ರಂಗಪ್ಪನವರ ಹೆಂಡತಿ, ಹೆಸರು ಸುಲೋಚನಮ್ಮ. ಶಿವನಿ ರೈಲ್ವೆ ಸ್ಟೇಷನ್ನಿನಿಂದ ಒಳಗೆ ನಮ್ಮ ಊರು. ಅಣ್ಣತಮ್ಮಂದಿರು ತೆಂಗಿನ ತೋಟ ಪಾಲು ಮಾಡಿಕೊಂಡರು, ಬೆದ್ದಲು ಹೊಲ ಪಾಲು ಮಾಡಿಕೊಂಡರು. ಅಂಗಳ ಮತ್ತು ಬಚ್ಚಲು ಮಾತ್ರ ಎರಡು ಮನೆಗೂ ಸೇರಿ ಒಂದೇ ಉಳಿಯಿತು. ಒಂದೇ ಬಚ್ಚಲಿನಲ್ಲಿ ಇಬ್ಬರು ಹೆಂಗಸರು ಇಷ್ಟು ವರ್ಷ ಜಗಳವಿಲ್ಲದೆ ನೀರು ಕಾಯಿಸಿದ್ದೇವೆ ಎಂದರೆ ಅದಕ್ಕೆ ಅವಳ ತಾಳ್ಮೆ ಕಾರಣ. ನನಗೆ ಮೂಗಿನ ತುದಿಯಲ್ಲೇ ಕೋಪ. ತರೀಕೆರೆಯಿಂದ ಸೊಸೆಯಾಗಿ ಬಂದ ವರ್ಷವೇ ಇದು ಊರಿಗೆಲ್ಲ ಗೊತ್ತಾಯಿತು.

ಅಕ್ಕನಿಗೆ ಹೆಸರು ಬಂದದ್ದು ರಾಗಿಮುದ್ದೆಯಿಂದ. ಮುದ್ದೆ ಎಲ್ಲರೂ ಮಾಡುತ್ತಾರೆ, ಆದರೆ ನಮ್ಮ ಕಡೆ ಬೀಗರೂಟಕ್ಕೆ ಮುದ್ದೆ ಮಾಡುವುದು ಬೇರೆಯೇ ಕೆಲಸ. ಹಂಡೆಯಷ್ಟು ದೊಡ್ಡ ಪಾತ್ರೆಯಲ್ಲಿ ಎಸರು ಕುದಿಯುತ್ತಿರುತ್ತದೆ. ಹಿಟ್ಟು ಸುರಿದು, ಆಳುದ್ದದ ಕೋಲಿನಿಂದ ಗಂಟು ಒಡೆಯುವಂತೆ ತಿರುವಬೇಕು. ಅದಕ್ಕೆ ಗಂಡಸರು ಬೇಕು. ತಿರುವಿದ ಹಿಟ್ಟನ್ನು ಮಣೆಗೆ ಸುರಿದ ಮೇಲೆ ಆರುವ ಮೊದಲು ಕಟ್ಟಬೇಕು. ಆರಿದರೆ ಬಿರುಕು ಬಿಡುತ್ತದೆ, ಬಿರುಕು ಬಿಟ್ಟ ಮುದ್ದೆಯನ್ನು ಬೀಗರ ಎಲೆಗೆ ಇಡುವಂತಿಲ್ಲ. ಕಟ್ಟುವವರೆಲ್ಲ ಪಕ್ಕದಲ್ಲಿ ತಣ್ಣೀರಿನ ಬೋಗುಣಿ ಇಟ್ಟುಕೊಂಡು, ಕೈ ಅದ್ದಿ ಅದ್ದಿ, ಉಫ್ ಉಫ್ ಎನ್ನುತ್ತ ಕಟ್ಟುತ್ತಾರೆ. ಅಕ್ಕನ ಕೈಗೆ ನೀರು ಬೇಕಾಗುತ್ತಿದ್ದುದು ಹಿಟ್ಟು ಅಂಟದಿರಲಿ ಎಂದು ಮಾತ್ರ. ಹೊಗೆಯಾಡುವ ಹಿಟ್ಟಿಗೆ ಕೈ ಹಾಕಿ, ತಿರುಗಿಸಿ, ಒಂದು ಸಲ ಸವರಿ ಇಟ್ಟರೆ ಮುದ್ದೆ ಕಪ್ಪು ಕಲ್ಲಿನ ಹಾಗೆ ನುಣ್ಣಗೆ ಕೂರುತ್ತಿತ್ತು.

ಗಾತ್ರದ ಮಾತು ಇನ್ನೊಂದು. ನಮ್ಮಲ್ಲಿ ಎಲೆಗೆ ಬಿದ್ದ ಮುದ್ದೆಯ ಗಾತ್ರ ನೋಡಿಯೇ ಮನೆಯವರ ಮನಸ್ಸು ಅಳೆಯುತ್ತಾರೆ. ಸಣ್ಣ ಮುದ್ದೆ ಇಕ್ಕುವುದು ಹಾಲು ಬಿಟ್ಟ ಮಗುವಿಗೆ, ಇಲ್ಲ ಜ್ವರದಿಂದ ಎದ್ದವರಿಗೆ. ಗಟ್ಟಿಮುಟ್ಟಾದವರ ತಟ್ಟೆಗೆ ಸಣ್ಣದು ಬಿದ್ದರೆ ಅವರು ಊಟ ಮುಗಿಸಿ, ಕೈ ತೊಳೆದು, ಊರ ತುಂಬ ಹೇಳಿಕೊಂಡು ಬರುತ್ತಾರೆ. ಅಕ್ಕನ ಕೈಗೆ ಬರುತ್ತಿದ್ದುದು ಒಂದೇ ಗಾತ್ರ, ಸುಲಿದ ತೆಂಗಿನಕಾಯಿಯಷ್ಟು. ಗಂಡನಿಗೂ ಅದೇ, ತನಗೂ ಅದೇ.

ಅವಳಿಗೆ ಶುಗರ್ ಇದೆ ಎಂದು ಗೊತ್ತಾಗಿದ್ದು ಅಜ್ಜಂಪುರದಲ್ಲಿ ನಡೆದ ತಪಾಸಣಾ ಶಿಬಿರದಲ್ಲಿ. ಮಾತ್ರೆ ಕೊಟ್ಟು, ಸಿಹಿ ಬಿಡಿ, ಅನ್ನ ಕಡಿಮೆ ಮಾಡಿ ಎಂದು ಹೇಳಿ ಕಳಿಸಿದರು. ಅಕ್ಕ ಅನ್ನವನ್ನು ಕಡಿಮೆ ಮಾಡಲಿಲ್ಲ, ಬಿಟ್ಟೇ ಬಿಟ್ಟಳು. ಕಾಫಿಗೆ ಬೆಲ್ಲ ಹಾಕಿಕೊಳ್ಳುವುದನ್ನೂ ನಿಲ್ಲಿಸಿದಳು. ಹಬ್ಬಕ್ಕೆ ಹೋಳಿಗೆ ತಟ್ಟಿ ಎಲ್ಲರಿಗೂ ಬಡಿಸಿ, ತಾನು ನಾಲಿಗೆಗೂ ಮುಟ್ಟಿಸಿಕೊಳ್ಳಲಿಲ್ಲ. ಅಂಥ ಹಟ ನನ್ನಿಂದ ಆಗುತ್ತಿರಲಿಲ್ಲ. ಆದರೆ ಬಿಟ್ಟ ಅನ್ನದ ಜಾಗಕ್ಕೂ ಮುದ್ದೆಯೇ ಬಂತು. ಬೆಳಿಗ್ಗೆ ರಾಗಿರೊಟ್ಟಿ, ಮಧ್ಯಾಹ್ನ ಮುದ್ದೆ, ಸಂಜೆ ಹೊತ್ತು ಮುಳುಗುವಾಗ ಮತ್ತೆ ಮುದ್ದೆ, ಜತೆಗೆ ನೀರಾದ ಉಪ್ಸಾರು. ರಾಗಿ ಶುಗರ್‌ಗೆ ಒಳ್ಳೆಯದು ಎಂದು ಊರಿಗೆ ಊರೇ ಹೇಳುತ್ತದೆ. ಎಷ್ಟು ತಿಂದರೆ ಒಳ್ಳೆಯದು ಎಂದು ಯಾರೂ ಹೇಳುವುದಿಲ್ಲ.

ಅವಳ ಕೈಗೆ ಬಿಸಿ ಇನ್ನಷ್ಟು ತಾಗದಂತಾಗಿದ್ದು ಆಮೇಲಿನ ವರ್ಷಗಳಲ್ಲಿ. ಒಲೆಯ ಮೇಲಿನ ಪಾತ್ರೆಯನ್ನು ಬಟ್ಟೆಯಿಲ್ಲದೆ ಇಳಿಸುವಳು. ನೋಡಿದವರು ಬೆರಗಾಗುವರು. "ಸುಲೋಚನಕ್ಕನ ಕೈ ಪಳಗಿಬಿಟ್ಟೈತೆ ಕಣ್ರೀ" ಎನ್ನುವರು. ಅವಳಿಗೂ ಅದು ಹೆಮ್ಮೆ. ನನಗೆ ಹೊಟ್ಟೆಕಿಚ್ಚು. ಅದೇ ಹೊತ್ತಿಗೆ ಕಾಲಿನ ಚಪ್ಪಲಿ ದಾರಿಯಲ್ಲೇ ಕಳಚಿಕೊಂಡರೂ ಅವಳಿಗೆ ತಿಳಿಯುತ್ತಿರಲಿಲ್ಲ. ತೋಟಕ್ಕೆ ಎರಡು ಚಪ್ಪಲಿಯಲ್ಲಿ ಹೋದವಳು ಒಂದರಲ್ಲಿ ವಾಪಸು ಬರುತ್ತಿದ್ದಳು. ಅದಕ್ಕೆ ನಾವೆಲ್ಲ ನಗುತ್ತಿದ್ದೆವು, ಅವಳೂ ನಗುತ್ತಿದ್ದಳು. ಕೈ ಪಳಗಿತು, ಕಾಲಿಗೆ ಮರೆವು ಬಂತು ಎಂದುಕೊಂಡೆವು. ಎರಡೂ ಒಂದೇ ಕಾಯಿಲೆ ಎಂದು ನಮಗೆ ಹೊಳೆಯಬೇಕಾದರೂ ಹೇಗೆ?

ಹೋದ ವರ್ಷ ಅವಳ ಮಗಳು ಸ್ಫೂರ್ತಿ ಬಸುರಿಯಾದಳು. ಒಬ್ಬಳೇ ಮಗಳು. ಮದುವೆಯಾಗಿ ಬಹಳ ವರ್ಷ ಕಾದು ಆದ ಬಸಿರು. ಸುದ್ದಿ ಬಂದ ದಿನವೇ ಅಕ್ಕ ಬಚ್ಚಲಿಗೆ ಹೋಗಿ ಹಂಡೆಯ ಮಸಿ ಉಜ್ಜಲು ಕುಳಿತಳು.

"ಈಗಲೇ ಯಾಕಕ್ಕ? ಇನ್ನೂ ತಿಂಗಳುಗಟ್ಟಲೆ ಐತಲ್ಲ" ಎಂದೆ.

"ಮಗೂಗೆ ನಾನೇ ನೀರು ಎರೀಬೇಕು ಕಣೇ ತೀರ್ಥ. ಸ್ಫೂರ್ತಿ ಹುಟ್ಟಿದಾಗ ನಮ್ಮತ್ತೆ ನನ್ನ ಕೈಗೆ ಕೊಡಲೇ ಇಲ್ಲ. ನಿಂಗೆ ಗೊತ್ತಾಗಲ್ಲ, ಕೂತ್ಕೋ ಅಂದುಬಿಟ್ರು. ಈ ಮಗೂನ ಯಾರಿಗೂ ಬಿಡಲ್ಲ."

ಅವಳು ಬಾಯಿಬಿಟ್ಟು ಏನನ್ನಾದರೂ ಬೇಕು ಎಂದದ್ದನ್ನು ನಾನು ಕೇಳಿದ್ದು ಅದೇ ಮೊದಲು.

ಆಮೇಲೆ ಎಮ್ಮೆದೊಡ್ಡಿ ಕಡೆಯ ನಮ್ಮ ನೆಂಟ ದೊಡ್ಡಬೀರಪ್ಪನ ಮನೆಯಲ್ಲಿ ಬೀಗರೂಟ. ಮುದ್ದೆ ಕಟ್ಟಲು ಅಕ್ಕನೇ ಬರಬೇಕೆಂದು ಕಾರು ಕಳಿಸಿದ್ದರು, ನಾನೂ ಹೋದೆ. ಅಕ್ಕ ಆ ದಿನ ಒಂದೇ ಸಮನೆ ಕಟ್ಟಿದಳು. ಸುತ್ತ ನಿಂತ ಹುಡುಗಿಯರು ಮೊಬೈಲಿನಲ್ಲಿ ವಿಡಿಯೋ ಮಾಡಿಕೊಂಡರು. ಮಾರನೆಯ ಬೆಳಿಗ್ಗೆ ಅಂಗಳದಲ್ಲಿ ಪಾತ್ರೆ ತೊಳೆಯುವಾಗ ಅವಳ ಬಲಗೈ ನೋಡಿದೆ. ಅಂಗೈ ತುಂಬ ಬೊಬ್ಬೆ. ನಡುವಿನ ಎರಡು ಬೆರಳಿನ ಚರ್ಮ ಸುಲಿದು ಕೆಂಪು ಮಾಂಸ ಕಾಣುತ್ತಿತ್ತು. ಅದೇ ಬೆರಳುಗಳಲ್ಲಿ ಅವಳು ಬೂದಿ ಹಾಕಿ ಪಾತ್ರೆ ಉಜ್ಜುತ್ತಿದ್ದಳು.

"ಅಯ್ಯೋ ಅಕ್ಕಾ, ಏನೇ ಇದು! ನೋಯಲ್ವಾ?"

ಅವಳು ಕೈ ತಿರುಗಿಸಿ ನೋಡಿಕೊಂಡಳು. "ಇಲ್ಲ ಕಣೇ. ಏನೂ ಇಲ್ಲ" ಎಂದಳು. ಸುಳ್ಳು ಹೇಳುತ್ತಿರಲಿಲ್ಲ. ನನಗೆ ಭಯವಾಯಿತು. ನೋವೆಂದು ಕಿರುಚಿದ್ದರೆ ಅಷ್ಟು ಭಯವಾಗುತ್ತಿರಲಿಲ್ಲ.

ಊರಿನ ಉಪಚಾರವೆಲ್ಲ ಆಯಿತು. ಲೋಳೆಸರ ಹಚ್ಚಿದೆವು, ಮೆಡಿಕಲ್ ಶಾಪಿನ ಮುಲಾಮು ಹಚ್ಚಿದೆವು. ಗಾಯ ಮಾಯುವ ಬದಲು ಕೀವು ತುಂಬಿ ವಾಸನೆ ಬರತೊಡಗಿತು. ರಂಗಪ್ಪ ಭಾವ ತೋಟದಿಂದ ಬಂದು ನೋಡಿ ಹೊರಗೆ ಹೋಗಿ ಕುಳಿತರು. ಆಗ ನನ್ನ ಕೋಪ ನೆತ್ತಿಗೇರಿತು. ಅವಳನ್ನು ಎಳೆದುಕೊಂಡು ಹೋಗಿ ಕಡೂರಿನ ಬಸ್ಸು ಹತ್ತಿಸಿದೆ.

ಕಡೂರಿನಲ್ಲಿ ನಾವು ಕಂಡದ್ದು ಶ್ರೀವಾಣಿ ಎಂಬ ಡಾಕ್ಟರನ್ನು. ಚಿಕ್ಕ ವಯಸ್ಸಿನವರು, ಅವಸರ ಮಾಡದವರು. ಗಾಯ ತೊಳೆದ ಮೇಲೆ ಅಕ್ಕನಿಗೆ ಕಣ್ಣು ಮುಚ್ಚಿಸಿ, ಒಂದು ಸಣ್ಣ ನೈಲಾನ್ ಎಳೆಯಿಂದ ಪಾದ, ಬೆರಳು, ಅಂಗೈ ಮುಟ್ಟುತ್ತ ಹೋದರು. "ಮುಟ್ಟಿದಾಗ ಹೇಳಿ ಅಮ್ಮ" ಎಂದರು. ಎಳೆ ಬಾಗುವಷ್ಟು ಒತ್ತುತ್ತಿದ್ದುದನ್ನು ನಾನು ನೋಡುತ್ತಿದ್ದೆ. ಅಕ್ಕ ಕಣ್ಣು ಮುಚ್ಚಿ, ಇನ್ನೂ ಶುರುವಾಗಿಲ್ಲವೇನೋ ಎಂಬಂತೆ ಕಾಯುತ್ತ ಕುಳಿತಿದ್ದಳು. ಎಳೆ ಮೊಣಕೈ ಹತ್ತಿರ ಬಂದಾಗ "ಹ್ಞೂಂ" ಎಂದಳು. "ಸಕ್ಕರೆ ಜಾಸ್ತಿಯಾಗಿ ಕೈಕಾಲಿನ ನರಗಳು ಜೋಮು ಹಿಡಿದಿವೆ ಅಮ್ಮ" ಎಂದರು ಡಾಕ್ಟರು.

"ಊಟ ಏನು ಮಾಡ್ತೀರಿ?" ಎಂದು ಕೇಳಿದರು.

"ಅನ್ನ ತಿಂದು ವರ್ಷಗಳಾದ್ವು ತಾಯಿ. ಸಕ್ಕರೆ, ಬೆಲ್ಲ ಮುಟ್ಟಲ್ಲ. ಬರೀ ಮುದ್ದೆ."

"ಎಷ್ಟು ದೊಡ್ಡದು? ತೋರಿಸಿ."

ಅಕ್ಕ ಪಟ್ಟಿ ಕಟ್ಟಿದ ಕೈಯನ್ನೂ ಸೇರಿಸಿ ಗಾಳಿಯಲ್ಲಿ ಮುದ್ದೆ ತೋರಿಸಿದಳು. ಡಾಕ್ಟರು ಪೆನ್ನು ಕೆಳಗಿಟ್ಟರು.

"ಅಮ್ಮ, ರಾಗಿ ಒಳ್ಳೆಯದೇ. ನಾರಿದೆ, ಸುಣ್ಣದ ಅಂಶ ಇದೆ, ಬಿಡಿ ಅಂತ ನಾನು ಹೇಳಲ್ಲ. ಆದರೆ ಅದೂ ಹಿಟ್ಟೇ ಅಲ್ವಾ? ಅನ್ನ, ಮುದ್ದೆ, ಚಪಾತಿ, ಅವಲಕ್ಕಿ, ಆಲೂಗಡ್ಡೆ, ಎಲ್ಲದರಲ್ಲೂ ಪಿಷ್ಟ ಇದೆ. ನಾಲಿಗೆಗೆ ಸಿಹಿ ಅನ್ನಿಸದಿದ್ರೂ ಹೊಟ್ಟೆಗೆ ಹೋದ ಮೇಲೆ ಸಕ್ಕರೆಯೇ ಆಗುತ್ತೆ. ನೀವು ಒಂದು ತಟ್ಟೆ ಅನ್ನ ಬಿಟ್ಟು ಎರಡು ತಟ್ಟೆಯಷ್ಟು ಮುದ್ದೆ ತಿಂದಿದ್ದೀರಿ."

"ಮತ್ತೆ ಏನು ತಿನ್ನಲಿ?"

"ಮುದ್ದೆಯನ್ನೇ ತಿನ್ನಿ, ನಿಮ್ಮ ಮುಷ್ಟಿಯಷ್ಟು. ಅರ್ಧ ತಟ್ಟೆ ಸೊಪ್ಪು, ತರಕಾರಿ. ಮಿಕ್ಕಿದ್ದರಲ್ಲಿ ಕಾಳು ಇಲ್ಲವೇ ಮೊಟ್ಟೆ. ಮೂರು ಹೊತ್ತೂ ತಿನ್ನಿ, ಬಿಡಬೇಡಿ. ಸಕ್ಕರೆ ಇಳಿಯದಿದ್ದರೆ ಈ ಗಾಯ ಮಾಯಲ್ಲ. ಕೀವು ಮೂಳೆಗೆ ಇಳಿದರೆ ಬೆರಳು ತೆಗೆಯಬೇಕಾಗುತ್ತೆ."

ಅಕ್ಕ "ಯಾವ ಬೆರಳು?" ಎಂದಳು. ಡಾಕ್ಟರು ತೋರಿಸಿದರು. "ಆಯ್ತು" ಎಂದಳು. ವಾಪಸು ಬರುವಾಗ ಬಸ್ಸಿನಲ್ಲಿ ಕಿಟಕಿಯ ಆಚೆ ನೋಡುತ್ತ ಕುಳಿತಳು. ನಾನು ಏನೇನೋ ಬಡಬಡಿಸಿದೆ. ಅವಳು ನನ್ನ ಕಡೆ ತಿರುಗಿದ್ದು ಇಳಿಯುವಾಗ ಮಾತ್ರ. "ಬೆರಳಿಲ್ಲದ ಕೈಯಾಗೆ ಮಗೂನ ಹಿಡಿಯಾಕೆ ಆಗುತ್ತೇನೇ?" ಎಂದಳು.

ಮುಷ್ಟಿಯಷ್ಟು ಮುದ್ದೆ ತಿನ್ನು ಎಂದರೆ ಅವಳು ತಿನ್ನಬೇಕಲ್ಲ! ಆ ಗಾತ್ರದ್ದನ್ನು ತಟ್ಟೆಯಲ್ಲಿ ಇಟ್ಟುಕೊಳ್ಳುವುದು ಅವಳಿಗೆ ಅವಮಾನ. ಅದಕ್ಕಿಂತ ಇಲ್ಲದಿರುವುದೇ ವಾಸಿ ಎಂದುಕೊಂಡು ಮುದ್ದೆಯನ್ನೇ ಬಿಟ್ಟಳು. ಬರೀ ಸೊಪ್ಪಿನ ಸಾರು ಕುಡಿಯುವುದು, ಮಾತ್ರೆ ಮಾತ್ರ ಹೊತ್ತುಹೊತ್ತಿಗೆ ನುಂಗುವುದು. ಅನ್ನ ಬಿಟ್ಟಾಗ ಎಲ್ಲರೂ ಹೊಗಳಿದ್ದರು, ಇದನ್ನೂ ಹೊಗಳುತ್ತಾರೆ ಎಂದುಕೊಂಡಳೋ ಏನೋ. ಒಂದು ಮಧ್ಯಾಹ್ನ ತೋಟದಲ್ಲಿ ಗರಿ ಎಳೆಯುತ್ತಿದ್ದವಳು ಹಾಗೇ ಕುಸಿದು ಕುಳಿತಳು. ನಾನು ಓಡಿ ಹೋದಾಗ ಮೈಯೆಲ್ಲ ಬೆವರಿ ನಡುಗುತ್ತಿದ್ದಳು. ನನ್ನನ್ನು ನೋಡಿ, ಸತ್ತು ಎಷ್ಟೋ ವರ್ಷವಾದ ಅತ್ತೆಯೆಂದುಕೊಂಡು "ಅತ್ತೆಮ್ಮಾ" ಎಂದು ಕರೆದಳು. ಸಕ್ಕರೆ ತೀರಾ ಇಳಿದು ಹೀಗಾದರೆ ಬಾಯಿಗೆ ಸಕ್ಕರೆ ಹಾಕಿ ಎಂದು ಡಾಕ್ಟರು ಹೇಳಿದ್ದರು. ಮನೆಗೆ ಓಡಿ ಸಕ್ಕರೆ ನೀರು ಮಾಡಿ ತಂದು ಗುಟುಕು ಗುಟುಕಾಗಿ ಕುಡಿಸಿದೆ. ಕುಡಿದು ಸ್ವಲ್ಪ ಹೊತ್ತಿಗೆ ಅವಳ ಕಣ್ಣಿಗೆ ನಾನು ನಾನಾಗಿ ಕಂಡೆ.

ಆಮೇಲೆ ಬೈದೆ. ಮನಸಾರೆ ಬೈದೆ. "ಜಾಸ್ತಿ ತಿಂದು ಕೈ ಸುಟ್ಕೊಂಡೆ, ಈಗ ತಿನ್ನದೆ ಸಾಯ್ತೀಯಾ? ಮಾತ್ರೆ ನುಂಗಿದ ಮೇಲೆ ಹೊಟ್ಟೆಗೆ ಹಿಟ್ಟು ಬೀಳಬೇಕು ಅಂತ ಆಯಮ್ಮ ಹೇಳಲಿಲ್ವಾ? ಮರ್ಯಾದೆ ಅಂತೆ ಮರ್ಯಾದೆ. ಸಣ್ಣ ಮುದ್ದೆ ತಿಂದ್ರೆ ಯಾವ ಬೀಗರು ಬಂದು ನೋಡ್ತಾರೆ ನಿನ್ನ ತಟ್ಟೇನ?"

ಅವಳು ಸೆರಗಿನಲ್ಲಿ ಬೆವರು ಒರೆಸಿಕೊಂಡಳು. ಅತ್ತಿದ್ದರೆ ನನಗೂ ಸಮಾಧಾನವಾಗುತ್ತಿತ್ತು. ಆ ತಿಂಗಳುಗಳಲ್ಲಿ ಅವಳ ಕೈಕಾಲಿಗೆ ಬಂದ ಜೋಮು ಮನಸ್ಸಿಗೂ ಹತ್ತಿತ್ತು ಎಂದು ನನಗೆ ಅನ್ನಿಸುತ್ತದೆ. ಹೇಳಿದ ಕೆಲಸ ಮಾಡುವಳು, ಕೇಳಿದ್ದಕ್ಕೆ ಹ್ಞೂಂ ಎನ್ನುವಳು. ರೈಲು ಬರುವ ಸದ್ದಿಗೆ ತಲೆ ಎತ್ತಿ ಕೂಡ ನೋಡುತ್ತಿರಲಿಲ್ಲ.

ಅಂದಿನಿಂದ ಅವಳ ಮುದ್ದೆ ಕಟ್ಟುವ ಕೆಲಸ ನನ್ನದಾಯಿತು. ಪಟ್ಟಿ ಕಟ್ಟಿದ ಕೈಯಲ್ಲಿ ಅವಳು ಹಿಟ್ಟು ಮುಟ್ಟುವಂತಿರಲಿಲ್ಲ. ಒಂದು ಪುಟ್ಟ ತೆಂಗಿನ ಚಿಪ್ಪನ್ನು ಗಾಜಿನ ಚೂರಿನಿಂದ ಹೆರೆದು ನುಣುಪು ಮಾಡಿ, ನೀರು ಸವರಿ, ಅದರಲ್ಲಿ ಹಿಡಿಸುವಷ್ಟು ಹಿಟ್ಟು ಹಾಕಿ ತಿರುಗಿಸುತ್ತಿದ್ದೆ. ತಟ್ಟೆಯ ಅರ್ಧಕ್ಕೆ ಸೊಪ್ಪಿನ ಪಲ್ಯ, ಹುರುಳಿಕಾಯಿ, ಸೋರೆಕಾಯಿ, ಮನೆಯಲ್ಲಿ ಏನಿದೆಯೋ ಅದು. ಜತೆಗೆ ಹುರುಳಿಕಾಳೋ ಅಲಸಂದೆಯೋ ಬೇಯಿಸಿದ ಗಟ್ಟಿ ಸಾರು. ಮೊದಲು ಪಲ್ಯ ತಿನ್ನು, ಆಮೇಲೆ ಮುದ್ದೆ ಮುರಿ ಎಂದು ಎದುರಿಗೇ ಕೂರುತ್ತಿದ್ದೆ. ಒಂದು ದಿನ ತೆಂಗಿನಕಾಯಿ ವ್ಯಾಪಾರಕ್ಕೆ ಬಂದಿದ್ದ ಚೌಡಪ್ಪ ಅವಳ ತಟ್ಟೆ ನೋಡಿ, "ಏನ್ ಸುಲೋಚನಕ್ಕ, ಕೂಸಿನ ಮುದ್ದೆ ಉಣ್ತಾ ಇದೀಯ!" ಎಂದು ನಕ್ಕ. ನಾನು ಅವನಿಗೆ ಅಂದದ್ದನ್ನು ಇಲ್ಲಿ ಬರೆಯುವಂತಿಲ್ಲ. ಅಕ್ಕ ತಲೆ ತಗ್ಗಿಸಿ ಮುದ್ದೆ ಮುರಿದು ನುಂಗಿದಳು. ಮಗುವಿಗಾಗಿ ನುಂಗಿದಳು, ನನಗೆ ಗೊತ್ತು.

ಸಕ್ಕರೆ ಇಳಿಯಿತು. ಕೀವು ಒಣಗಿತು. ತೆಳು ಗುಲಾಬಿ ಚರ್ಮ ಬಂದು ಬೆರಳು ಉಳಿದವು. ಕಡೂರಿನಲ್ಲಿ ಡಾಕ್ಟರು ರಿಪೋರ್ಟು ನೋಡಿ, "ತುಂಬಾ ಚೆನ್ನಾಗಿ ಮಾಡಿದ್ದೀರಿ ಅಮ್ಮ" ಎಂದು ಅವಳ ಭುಜ ತಟ್ಟಿದರು. ಅಕ್ಕ ಬೆರಳು ಮಡಚಿ ಬಿಚ್ಚಿ ತೋರಿಸಿ, "ಬಿಸಿ ತಿಳಿಯೋದು ಯಾವಾಗ?" ಎಂದು ಕೇಳಿದಳು.

ಡಾಕ್ಟರು ರಿಪೋರ್ಟನ್ನು ಮೇಜಿನ ಮೇಲಿಟ್ಟರು. "ಇನ್ನೂ ಮುಂದಕ್ಕೆ ಹೋಗದ ಹಾಗೆ ತಡೆದಿದ್ದೀರಿ. ಹೋದದ್ದು ವಾಪಸು ಬರುತ್ತೆ ಅಂತ ನಾನು ಹೇಳಲಾರೆ ಅಮ್ಮ" ಎಂದರು.

ಹೊರಗೆ ಬಂದ ಮೇಲೆ ಅಕ್ಕ ನನ್ನ ಸೆರಗು ಹಿಡಿದು, "ಸ್ಫೂರ್ತಿಗೆ ಹೇಳಬೇಡ. ನನ್ನ ಕೈ ನಂಗೆ ಗೊತ್ತಿಲ್ವಾ? ಆ ಹೊತ್ತಿಗೆ ಸರಿ ಹೋಗುತ್ತೆ" ಎಂದಳು. ನಾನು ಹೇಳಲಿಲ್ಲ. ಆದರೆ ಅಂದಿನಿಂದ ಬಚ್ಚಲ ಹತ್ತಿರ ಅವಳು ಸುಳಿದಾಗಲೆಲ್ಲ ನನ್ನ ಕಣ್ಣು ಅಲ್ಲೇ ಇರುತ್ತಿತ್ತು.

ತರೀಕೆರೆಯಲ್ಲಿ ಹೆರಿಗೆಯಾಯಿತು. ಹೆಣ್ಣು ಮಗು. ಮನೆಗೆ ಕರೆತಂದು, ನೀರು ಎರೆಯುವ ದಿನ ಅಕ್ಕ ಬೆಳಗಾಗುತ್ತಲೇ ಎದ್ದು ಬಚ್ಚಲ ಒಲೆಗೆ ತೆಂಗಿನ ಮಟ್ಟೆ ಒಟ್ಟಿ ಉರಿ ಹಾಕಿದಳು. ಹರಳೆಣ್ಣೆ, ಕಡಲೆಹಿಟ್ಟು, ಹಳೆಯ ಮೆತ್ತನೆಯ ಸೀರೆ ಎಲ್ಲ ಅಣಿಯಾಗಿತ್ತು. ಭಾವ ಎಂದೂ ಇಲ್ಲದ ಹಾಗೆ ಅಂಗಳದಲ್ಲಿ ಸುಮ್ಮನೆ ಓಡಾಡುತ್ತಿದ್ದರು. ನಾನು ಬಚ್ಚಲಿಗೆ ಹೋದಾಗ ಅಕ್ಕ ಹಂಡೆಯಿಂದ ಬಕೆಟ್ಟಿಗೆ ನೀರು ತೋಡಿ, ತಣ್ಣೀರು ಬೆರೆಸಿ, ಕೈ ಅದ್ದಿ ನೋಡುತ್ತಿದ್ದಳು. ಬೆರಳಷ್ಟೇ ಅಲ್ಲ, ಮಣಿಕಟ್ಟಿನವರೆಗೂ ಮುಳುಗಿಸಿ, ನೀರೊಳಗೆ ನಿಧಾನವಾಗಿ ಆಡಿಸುತ್ತಿದ್ದಳು.

"ಹದ ಐತೆ" ಎಂದಳು.

ನಾನು ಪಕ್ಕದಲ್ಲಿ ಕೂತು ಬೆರಳಿಟ್ಟೆ. ಇಟ್ಟ ವೇಗದಲ್ಲೇ ಎಳೆದುಕೊಂಡೆ. ಬಾಯಿಂದ ತಾನಾಗಿ ಒಂದು ಶಬ್ದ ಬಂತು. ಅಕ್ಕ ನನ್ನ ಮುಖ ನೋಡಿದಳು, ಆಮೇಲೆ ನೀರಿನಲ್ಲೇ ಇದ್ದ ತನ್ನ ಕೈ ನೋಡಿದಳು. ಕೈ ಕೆಂಪಾಗಿತ್ತು. ಹೊರಗೆ ತೆಗೆದು ಸೀರೆಗೆ ಒರೆಸಿಕೊಂಡಳು.

ಅಷ್ಟರಲ್ಲಿ ಸ್ಫೂರ್ತಿ ಮಗುವನ್ನು ಎತ್ತಿಕೊಂಡು ಬಾಗಿಲಿಗೆ ಬಂದಳು. "ಅವ್ವ, ತಗೋ. ಕೂತ್ಕೋ, ಕಾಲ ಮೇಲೆ ಮಲಗಿಸ್ತೀನಿ" ಎಂದಳು.

"ನಿಮ್ಮ ಚಿಕ್ಕಮ್ಮನ ಕೈಗೆ ಕೊಡು."

"ಯಾಕವ್ವ? ನಾನೇ ಎರೀತೀನಿ, ಯಾರಿಗೂ ಬಿಡಲ್ಲ ಅಂತಿದ್ದೆ?"

"ನನ್ನ ಕೈಗೆ ಬಿಸಿ ತಿಳಿಯಲ್ಲ ಕಣವ್ವ. ಕಾಲಿಗೂ ಇಲ್ಲ. ಕೂಸನ್ನ ಸುಟ್ಟುಬಿಡ್ತೀನಿ" ಎಂದಳು ಅಕ್ಕ. ಅವಳ ದನಿ ಏರಲೂ ಇಲ್ಲ, ಇಳಿಯಲೂ ಇಲ್ಲ. ಅಂಗಳದಲ್ಲಿ ಭಾವನ ಓಡಾಟ ನಿಂತಿತು.

ನಾನು ಮಣೆಯ ಮೇಲೆ ಕೂತು ಕಾಲು ಚಾಚಿದೆ. ತಣ್ಣೀರು ಬೆರೆಸಿದವಳು ಅಕ್ಕ, ಸಾಕು ಎಂದವಳು ನಾನು. ಮಗುವನ್ನು ನನ್ನ ಕಾಲ ಮೇಲೆ ಮಲಗಿಸಿದ ಮೇಲೆ ಅವಳು ಒಲೆಯ ಪಕ್ಕದ ಗೋಡೆಗೆ ಒರಗಿ ನಿಂತು ಹೇಳಿಕೊಟ್ಟಳು. ಕಿವಿಗೆ ಕೈ ಅಡ್ಡ ಇಡು. ಕತ್ತಿನ ಮಡಿಕೆ ತೊಳಿ. ಬೆನ್ನಿಗೆ ಎತ್ತರದಿಂದ ಎರೀಬೇಡ. ಮಗು ಕಿರುಚಿತು. ನನಗೆ ಕೋಪ ಬಂದಿತ್ತು. ಯಾರ ಮೇಲೆ ಎಂದು ಗೊತ್ತಿರಲಿಲ್ಲ. ಕಣ್ಣು ಮಂಜಾಗಿ ಕಡಲೆಹಿಟ್ಟಿನ ಬಟ್ಟಲು ಕೈಗೆ ಸಿಗದೆ ತಡಕಾಡಿದೆ.

ನೀರು ಎರೆದು ಮುಗಿದ ಮೇಲೆ ಅಕ್ಕ ಹಳೆಯ ಸೀರೆಯಲ್ಲಿ ಮಗುವನ್ನು ಸುತ್ತಿ ಎತ್ತಿಕೊಂಡಳು. ಅಂಗೈಯನ್ನು ಬೆನ್ನ ಮೇಲೆ ಇಟ್ಟಳು. ಸ್ವಲ್ಪ ಹೊತ್ತು ಇಟ್ಟುಕೊಂಡೇ ಇದ್ದಳು. ಆಮೇಲೆ ಕೈ ತೆಗೆದು, ಮಗುವಿನ ಹಸಿ ನೆತ್ತಿಯನ್ನು ತನ್ನ ಕೆನ್ನೆಗೆ ಒತ್ತಿಕೊಂಡಳು. ಒತ್ತಿಕೊಂಡು ಅಲುಗಾಡದೆ ನಿಂತಳು. ಅಷ್ಟು ತಿಂಗಳಲ್ಲಿ ಮೊದಲ ಸಲ ಅವಳ ಬಾಯಿ ಸೊಟ್ಟಗಾಗಿ ಕಣ್ಣಿಂದ ನೀರು ಇಳಿಯಿತು.

"ಬೆಚ್ಚಗೈತೆ ಕಣೇ ತೀರ್ಥ" ಎಂದಳು.

ನಾನು ಒದ್ದೆ ಕಾಲು ಚಾಚಿಕೊಂಡೇ ಕುಳಿತಿದ್ದೆ. ಸ್ಫೂರ್ತಿ ಬಂದು ಕೈ ಹಿಡಿದು ಎಬ್ಬಿಸಿದಳು.